ದೊರೆಸಾನಿಯವರ ಮಾಂಸದುಂಡೆ

ಬಂಗಲೆಯ ಕುಸಿನಿಯಲ್ಲಿ, ಅಂದರೆ ದೊರೆಗಳ ಅಡುಗೆಮನೆಯಲ್ಲಿ, ಇಪ್ಪತ್ತು ವರ್ಷ ಬೆಂದವನಿಗೆ ನಗುವ ಸಂಗತಿಗಳಿಗೆ ಬರ ಇರುವುದಿಲ್ಲ. ದಿನಕ್ಕೊಂದಾದರೂ ನಡೆಯುತ್ತದೆ. ತೊಂದರೆ ಏನೆಂದರೆ, ನಡೆಯುವ ಹೊತ್ತಿಗೆ ನಗು ಬರುವುದಿಲ್ಲ, ಬಂದರೂ ನಗುವ ಹಾಗಿಲ್ಲ. ಈಗ ಬಿಳಿ ದೊರೆಗಳು ಒಬ್ಬೊಬ್ಬರಾಗಿ ಗಂಟುಮೂಟೆ ಕಟ್ಟುತ್ತಿದ್ದಾರೆ. ಕುಸಿನಿ ಬಿಟ್ಟ ನಾನೂ ಮನೆಯ ಜಗಲಿಯಲ್ಲಿ ಕೂತಿದ್ದೇನೆ. ಆದ್ದರಿಂದ ನಗಬಹುದು.

ನನ್ನ ಕೈಯಲ್ಲಿ ಹುಟ್ಟಿದ ಒಂದು ಅಡುಗೆ ಉಂಟು. ಕೊಚ್ಚಿದ ಮಾಂಸದ ಉಂಡೆ, ಅಣಬೆ, ಹಾಲಿನ ಕೆನೆ, ಮೂರೂ ಒಂದೇ ಬಾಣಲೆಯಲ್ಲಿ. ನನಗೆ ದೊಡ್ಡ ಆಸೆಗಳೇನೂ ಇರಲಿಲ್ಲ. ಇದು ನೀನು ಮಾಡಿದ ಅಡುಗೆ ಎಂದು ಯಾರಾದರೂ ಒಬ್ಬರು, ಒಮ್ಮೆ ಹೇಳಿದರೆ ಸಾಕಿತ್ತು.

ಕಲಾಯಿ

ಕಾಫಿ ಬೀಜವನ್ನು ಹಡಗಿಗೆ ಏರಿಸುವ ಒಂದು ಕಂಪನಿಯ ದೊರೆಯ ಬಂಗಲೆಯಲ್ಲಿ ನಾನು ಅಡುಗೆಯವನಾಗಿದ್ದೆ. ದೊರೆ ಒಳ್ಳೆಯವರು, ಅಂದರೆ ಮಾತು ಕಡಿಮೆ. ದೊರೆಸಾನಿ ಐದು ವರ್ಷದಲ್ಲಿ ನಮ್ಮ ಕನ್ನಡ ಕಲಿತಿದ್ದರು, ಬೈಯುವುದಕ್ಕೆ ಬೇಕಾದಷ್ಟು.

ಒಂದು ಸಲ ಮಳೆಗಾಲ ಶುರುವಾಗುವ ಹೊತ್ತಿಗೆ ಅವರಿಗೆ ಹೊಟ್ಟೆನೋವು ಬಂತು. ಒಳಗಿನ ತವರದ ಕಲಾಯಿ ಹೋದ ತಾಮ್ರದ ಪಾತ್ರೆಯಲ್ಲಿ ಬೇಯಿಸಿದ್ದರಿಂದ ಹೀಗಾಯಿತು ಎಂದು ಡಾಕ್ಟರು ಹೇಳಿದರು. ಮರುದಿನವೇ ಕಲಾಯಿಯವನು ಬಂದ. ಅವನು ಕೇಳಿದ್ದು ನಾಲ್ಕು ಪಾತ್ರೆ, ದೊರೆಸಾನಿ ಕೊಟ್ಟದ್ದು ಕುಸಿನಿಯಲ್ಲಿದ್ದ ಅಷ್ಟನ್ನೂ.

"ಅಮ್ಮಾ, ಸಂಜೆ ಊಟಕ್ಕೆ ಆರು ಜನ ಬರ್ತಾರೆ. ಎರಡಾದರೂ ಇರಲಿ" ಅಂದೆ.

"ಸಂಜೆಯ ಒಳಗೆ ಆಗ್ತದೆ. ನಿನಗೆ ಎಂತ ಗೊತ್ತು?" ಅಂದರು.

ಕಲಾಯಿಯವನು ಹಲಸಿನ ಮರದ ಕೆಳಗೆ ತಿದಿ ಹೂಡಿದ, ಕೆಂಡ ಮಾಡಿದ. ಮೊದಲ ಪಾತ್ರೆ ಕಾಯುವ ಹೊತ್ತಿಗೆ ಮಳೆ ಬಂತು. ನಮ್ಮ ಊರಿನ ಮಳೆ ಹನಿ ಹಾಕಿ ಹೋಗುವಂಥದ್ದಲ್ಲ. ಕೆಂಡ ಹೋಯಿತು, ತಿದಿ ನೆನೆಯಿತು. ಅವನು ಪಾತ್ರೆಗಳನ್ನೆಲ್ಲ ಕವುಚಿ ಹಾಕಿ ಕೊಟ್ಟಿಗೆಯಲ್ಲಿ ಬೀಡಿ ಸೇದುತ್ತ ಕೂತ.

ನನ್ನ ಪಾಲಿಗೆ ಉಳಿದದ್ದು ಒಂದು ಕಬ್ಬಿಣದ ಬಾಣಲೆ. ಕಬ್ಬಿಣಕ್ಕೆ ಯಾರೂ ಕಲಾಯಿ ಹಾಕುವುದಿಲ್ಲವಾದ್ದರಿಂದ ಅದು ಬಚಾವಾಗಿತ್ತು. ಅದರಲ್ಲೇ ಬೆಣ್ಣೆ ಹಾಕಿ ಮಾಂಸದುಂಡೆ ಹುರಿದು ತೆಗೆದೆ. ಅದೇ ಬೆಣ್ಣೆಯಲ್ಲಿ ಈರುಳ್ಳಿ, ಬೆಳಿಗ್ಗೆ ಒಬ್ಬಳು ಅಜ್ಜಿ ತಂದು ಕೊಟ್ಟಿದ್ದ ಅಣಬೆ. ಎರಡು ದಿನದ ಕೆನೆ ಸುರಿದು ಉಂಡೆಗಳನ್ನು ಮತ್ತೆ ಇಳಿಸಿದೆ. ಕೆನೆ ಒಡೆಯುವ ಹಾಗೆ ಕಂಡಿತು. ಹಿಂದಿನ ಚಾವಡಿಯಲ್ಲಿ ನಮ್ಮ ಆಳುಗಳ ಗಂಜಿ ಮಡಕೆಯಲ್ಲಿ ಬೇಯುತ್ತಿತ್ತು. ಓಡಿಹೋಗಿ ಒಂದು ಸೌಟು ಗಂಜಿಯ ತಿಳಿ ತಂದು ಸುರಿದು, ಬಾಣಲೆ ಕೆಳಗಿಳಿಸಿದೆ. ಕೆನೆ ಒಡೆಯದೆ ನಿಂತಿತು.

ಆರು ಜನರೂ ಬ್ರೆಡ್ಡಿನಿಂದ ತಟ್ಟೆ ಒರೆಸಿ ತಿಂದರು. ಊಟವಾದ ಮೇಲೆ ದೊರೆಸಾನಿ ಕುಸಿನಿಗೇ ಬಂದರು. ಐದು ವರ್ಷದಲ್ಲಿ ಅದೇ ಮೊದಲು. ಹೊಗಳುತ್ತಾರೆ ಎಂದು ನಾನು ಮುಂಡಾಸು ಸರಿಮಾಡಿಕೊಂಡು ನಿಂತೆ.

"ಒಂದೇ ಬಾಣಲೆಯಲ್ಲಿ ಇಷ್ಟು ರುಚಿ ಆಗ್ತದೆ ಅಂದರೆ, ಇಷ್ಟು ವರ್ಷ ಹತ್ತು ಪಾತ್ರೆ ಯಾಕೆ ಹಾಳು ಮಾಡಿದೆ?" ಅಂದರು.

ಪರೀಕ್ಷೆ

ಆಮೇಲೆ ಯಾವುದೋ ಪೇಪರಿನಲ್ಲಿ ವಿಷದ ಅಣಬೆ ತಿಂದು ಯಾರೋ ಸತ್ತ ಸುದ್ದಿಯನ್ನು ದೊರೆ ಓದಿದರು. ಅಂದಿನಿಂದ ಹೊಸ ಪದ್ಧತಿ. ಅಣಬೆ ಬೆಂದ ಕೂಡಲೇ ಒಂದು ಬಟ್ಟಲು ಮೊದಲು ನಾನು ತಿನ್ನಬೇಕು. ತಿಂದು ಜಗಲಿಯ ಮೆಟ್ಟಿಲ ಮೇಲೆ ಎಲ್ಲರಿಗೂ ಕಾಣುವ ಹಾಗೆ ಕೂರಬೇಕು. ದೊರೆ ಗಡಿಯಾರ ಕೈಯಲ್ಲಿ ಹಿಡಿದು ಆರಾಮ ಕುರ್ಚಿಯಲ್ಲಿ ಕೂರುತ್ತಿದ್ದರು.

"ಏನಾದರೂ ಆಗ್ತಾ ಉಂಟಾ?"

"ಇಲ್ಲ ದೊರೆ."

ಹತ್ತು ನಿಮಿಷ ಬಿಟ್ಟು ಮತ್ತೆ, "ಈಗ?"

"ಇಲ್ಲ ದೊರೆ."

ಕೊನೆಕೊನೆಗೆ ಆ ದನಿಯಲ್ಲಿ ಸ್ವಲ್ಪ ನಿರಾಶೆ ಇದ್ದಂತೆ ನನಗೆ ಕೇಳುತ್ತಿತ್ತು. ಒಂದು ಗಂಟೆ ನಾನು ಸಾಯದೆ ಇದ್ದರೆ ಬಡಿಸಬಹುದು. ಅಷ್ಟರಲ್ಲಿ ಕೆನೆ ಹೆಪ್ಪುಗಟ್ಟಿರುತ್ತಿತ್ತು, ಬಿಸಿ ಇಲ್ಲ ಎಂದು ಬೈಗುಳ ಬೇರೆ. ಎಷ್ಟೋ ದಿನ ಮನೆಯಿಂದ ಹೊರಡುವಾಗ ಮಕ್ಕಳ ಮುಖ ನೋಡಿ ಹೊರಟಿದ್ದೇನೆ.

ಒಂದು ದಿನ ಧೈರ್ಯ ಮಾಡಿ ದೊರೆಸಾನಿಯನ್ನು ಕೇಳಿದೆ. "ಅಮ್ಮಾ, ಮೊದಲು ನಾಯಿಗೆ ಹಾಕಿ ನೋಡಬಹುದಲ್ಲ?"

ದೊರೆಸಾನಿ ಗಾಬರಿಯಾಗಿ ನಾಯಿಯನ್ನು ಮಡಿಲಿಗೆ ಎಳೆದುಕೊಂಡರು. "ಇದು ವಿಲಾಯಿತಿಯಿಂದ ಬಂದದ್ದು. ಇದಕ್ಕೆ ಏನಾದರೂ ಆದರೆ ಇನ್ನೊಂದು ಎಲ್ಲಿ ಸಿಗ್ತದೆ?"

ಅಜ್ಜಿಯ ಜಾಗ

ಅಣಬೆ ತರುತ್ತಿದ್ದ ಅಜ್ಜಿ ಕೂಳೂರು ಕಡೆಯವಳು. ಮಳೆಗಾಲದಲ್ಲಿ ಗುಡುಗಿದ ಮರುದಿನ ತೇಗದ ಎಲೆಯಲ್ಲಿ ಕಟ್ಟಿಕೊಂಡು ಬರುತ್ತಿದ್ದಳು, ಒಂದು ಸೇರು ಅಕ್ಕಿ ಒಯ್ಯುತ್ತಿದ್ದಳು. ಎಲ್ಲಿಂದ ತರುತ್ತಿ ಎಂದು ದೊರೆಸಾನಿ ಎಷ್ಟು ಕೇಳಿದರೂ ಬಾಯಿ ಬಿಡಲಿಲ್ಲ.

"ಜಾಗ ತೋರಿಸಿದರೆ ಬರುವ ವರ್ಷ ಏಳುವುದಿಲ್ಲ ಅಮ್ಮ" ಅನ್ನುತ್ತಿದ್ದಳು. ನಮ್ಮಲ್ಲಿ ಅಣಬೆ ಕಂಡವರು ಹೆತ್ತ ಮಗನಿಗೂ ಜಾಗ ಹೇಳುವುದಿಲ್ಲ. ಇದು ದೊರೆಸಾನಿಗೆ ಅರ್ಥವಾಗುವ ಮಾತಲ್ಲ.

ಕೊನೆಗೆ ಜವಾನನನ್ನು ಅವಳ ಬೆನ್ನ ಹಿಂದೆ ಬಿಟ್ಟರು. ಅವನು ಬೆಳಗಿನ ಜಾವ ಅವಳ ಮನೆಯ ಹತ್ತಿರ ಅಡಗಿ ಕೂತು, ಅವಳು ಹೊರಟ ಮೇಲೆ ಹಿಂದೆಯೇ ನಡೆದ. ಅಜ್ಜಿ ಹೊಳೆ ದಾಟಿದಳು, ಗದ್ದೆಯ ಬದು ಹಿಡಿದಳು, ಪೇಟೆಗೆ ಬಂದಳು, ಗುಡ್ಡ ಹತ್ತಿದಳು. ಹತ್ತಿ ನಮ್ಮ ಬಂಗಲೆಯ ಹಿಂದಿನ ಬೇಲಿಯಲ್ಲಿ ನುಸುಳಿ ಒಳಗೆ ಬಂದಳು. ಅಲ್ಲಿ ಒಂದು ದೊಡ್ಡ ಹುತ್ತ. ನಾಗರಹಾವಿನ ಜಾಗ ಎಂದು ನಾನಾಗಲಿ ತೋಟದವನಾಗಲಿ ಅತ್ತ ಹೆಜ್ಜೆ ಇಟ್ಟವರಲ್ಲ. ಅಜ್ಜಿ ಹುತ್ತಕ್ಕೆ ಕೈಮುಗಿದು, ಬುಡದಲ್ಲಿ ಎದ್ದ ಅಣಬೆ ಕಿತ್ತು ಎಲೆಯಲ್ಲಿ ಕಟ್ಟಿ, ಸುತ್ತುಹಾಕಿ ಮುಂದಿನ ಗೇಟಿನಿಂದ "ಅಣಬೆ ಬೇಕಾ ಅಮ್ಮಾ" ಎಂದು ಬಂದಳು.

ಜವಾನ ಹೇಳಿದ್ದನ್ನು ಕೇಳಿ ದೊರೆಸಾನಿ ಕೆಂಡವಾದರು. "ನನ್ನದನ್ನು ನನಗೇ ಮಾರ್ತೀಯಾ?"

ಅಜ್ಜಿ ಹೆದರಲಿಲ್ಲ. "ನಿಮ್ಮದು ಆದರೆ ನಿಮ್ಮ ಕಣ್ಣಿಗೆ ಯಾಕೆ ಬೀಳಲಿಲ್ಲ ಅಮ್ಮ?"

ಅವಳನ್ನು ಓಡಿಸಿದರು. ಇನ್ನು ಮೇಲೆ ಅಣಬೆ ನೀನೇ ಕೀಳು ಎಂದು ನನಗೆ ಅಪ್ಪಣೆಯಾಯಿತು. ಅಂದರೆ ಮೊದಲು ಹಾವಿನ ಬಾಯಿಗೆ, ಆಮೇಲೆ ಗಡಿಯಾರದ ಮುಂದೆ.

ಬ್ಯಾರಿ ಹೇಳಿದ್ದು

ಬಂದರಿನಲ್ಲಿ ಮಾಂಸದ ಅಂಗಡಿ ಇಟ್ಟಿದ್ದ ಬ್ಯಾರಿ, ನಮ್ಮ ಕರಾವಳಿಯ ಮುಸಲ್ಮಾನ, ನನಗೆ ಹಳೆಯ ಸ್ನೇಹಿತ. ಆಡಿನ ತೊಡೆಯ ಮಾಂಸವನ್ನು ಎರಡು ಕತ್ತಿಯಲ್ಲಿ ಕೊಚ್ಚಿಕೊಡು ಎಂದಾಗಲೆಲ್ಲ ಅವನಿಗೆ ಸಂಕಟ. "ಇಷ್ಟು ಒಳ್ಳೆ ಮಾಂಸ ಕೊಚ್ಚಿ ಉಂಡೆ ಕಟ್ಟುವುದಾ? ಹೊಸ ಸೀರೆ ಹರಿದು ನೆಲ ಒರೆಸಿದ ಹಾಗೆ ಆಯಿತು ಮಾರಾಯ" ಅನ್ನುತ್ತಿದ್ದ.

ಒಂದು ದಿನ ಅವನ ಹತ್ತಿರ ದುಃಖ ಹೇಳಿಕೊಂಡೆ. ಕಲೆಕ್ಟರ ದೊರೆ ಊಟಕ್ಕೆ ಬಂದಿದ್ದರು, ಎರಡು ಸಲ ಹಾಕಿಸಿಕೊಂಡರು, ಯಾರು ಮಾಡಿದ್ದು ಎಂದು ಕೇಳಲೇ ಇಲ್ಲ ಅಂದೆ.

ಬ್ಯಾರಿ ಕತ್ತಿ ಒರೆಸುತ್ತ, "ಆಡಿನ ಹೆಸರು ಕೇಳಿದರಾ?" ಅಂದ.

"ಇಲ್ಲ."

"ಮತ್ತೆ ನಿನಗೆ ಮಾತ್ರ ಎಂತ ಬೇಜಾರು?"

ನಮ್ಮ ಮನೆಯಲ್ಲಿ

ಹೊರಗಿನವರು ಹೊಗಳದಿದ್ದರೆ ಮನೆಯವರಾದರೂ ಹೊಗಳಲಿ ಎಂದು ಒಂದು ಭಾನುವಾರ ಮನೆಯಲ್ಲೇ ಮಾಡಿದೆ. ಅಮ್ಮ ಬಾಣಲೆಗೆ ಬಗ್ಗಿ ನೋಡಿ ಸೆರಗಿನಿಂದ ಮೂಗು ಮುಚ್ಚಿಕೊಂಡಳು. "ಹಾಲಲ್ಲಿ ಮಾಂಸ ಹಾಕಿದ್ದೀಯಾ? ಬುದ್ಧಿ ಉಂಟಾ ನಿನಗೆ?" ಮಕ್ಕಳು ಒಂದೊಂದು ಉಂಡೆ ಬಾಯಿಗಿಟ್ಟು ತಮ್ಮ ಅಜ್ಜಿಯ ಮುಖ ನೋಡಿದವು.

ಹೆಂಡತಿ ಬಾಣಲೆ ಒಳಗೆ ಕೊಂಡುಹೋದಳು. ಉಂಡೆಗಳನ್ನು ಬಿಸಿನೀರಿನಲ್ಲಿ ತೊಳೆದಳು, ಹೌದು, ತೊಳೆದಳು. ಕೆಂಪು ಮೆಣಸು, ಕೊತ್ತಂಬರಿ, ಹುಳಿ, ತೆಂಗಿನಕಾಯಿ ಅರೆದು ಹಾಕಿ ಕುದಿಸಿ ತಂದು ಬಡಿಸಿದಳು. ಎಲ್ಲರೂ ಮೂಗು ಸೋರಿಸಿಕೊಂಡು ಉಂಡರು. ಸುಳ್ಳು ಯಾಕೆ ಹೇಳಲಿ, ನಾನೂ ಮೂರು ಸಲ ಹಾಕಿಸಿಕೊಂಡೆ.

ಅಮ್ಮ ಕೈ ತೊಳೆಯುತ್ತ, "ನೋಡು, ಅಡುಗೆ ಅಂದರೆ ಇದು. ಹೆಂಡತಿ ಹತ್ತಿರ ಸ್ವಲ್ಪ ಕಲಿತುಕೋ, ನಾಳೆ ಕೆಲಸ ಹೋದರೆ ಎಂತ ಮಾಡ್ತೀ?" ಅಂದಳು.

ಪುಸ್ತಕ

ಅಮ್ಮನ ಮಾತು ಹುಸಿಯಾಗಲಿಲ್ಲ. ದೊರೆಗೆ ವರ್ಗವಾಯಿತು, ದೊರೆಸಾನಿ ನಾಯಿ ಸಮೇತ ಹಡಗು ಹತ್ತಿದರು. ನಾನು ಆರು ತಿಂಗಳು ಕೆಲಸವಿಲ್ಲದೆ ಕೂತೆ. ಆಮೇಲೆ ಕೊಡಿಯಾಲ್‌ಬೈಲಿನ ಒಂದು ಬಂಗಲೆಗೆ ಅಡುಗೆಯವನು ಬೇಕೆಂದು ತಿಳಿದು ಹೋದೆ.

ಅಲ್ಲಿಯ ಹೊಸ ದೊರೆಸಾನಿ ನನ್ನ ಮುಂದೆ ಒಂದು ಪುಸ್ತಕ ತೆರೆದಿಟ್ಟರು. ಊರಿನ ದೊರೆಸಾನಿಗಳೆಲ್ಲ ಸೇರಿ ಅಚ್ಚು ಹಾಕಿಸಿದ ಅಡುಗೆ ಪುಸ್ತಕ. "ಇದನ್ನು ಮಾಡಿ ತೋರಿಸು. ಮಾಡಿದರೆ ಕೆಲಸ" ಅಂದರು. ಮನೆಯ ಗುಮಾಸ್ತರು ಇಂಗ್ಲಿಷ್ ಓದಿ ಕನ್ನಡದಲ್ಲಿ ಹೇಳಿದರು. ಮಾಂಸದುಂಡೆ, ಅಣಬೆ, ಕೆನೆ, ಒಂದೇ ಬಾಣಲೆ. ಕೆಳಗೆ ನಮ್ಮ ಹಳೆಯ ದೊರೆಸಾನಿಯ ಹೆಸರು. ಓದಿದ್ದನ್ನು ಕೇಳಿ ನನಗೆ ಕಾಲಿನಿಂದ ತಲೆಯವರೆಗೆ ಉರಿಯಿತು.

ಕೆನೆಯನ್ನು ಜೋರು ಬೆಂಕಿಯಲ್ಲಿ ಹತ್ತು ನಿಮಿಷ ಕುದಿಸಬೇಕು ಎಂದು ಬರೆದಿತ್ತು. "ಹಾಗೆ ಮಾಡಿದರೆ ಒಡೆಯುತ್ತದೆ ಅಮ್ಮಾ" ಅಂದೆ. "ಪುಸ್ತಕಕ್ಕಿಂತ ನಿನಗೆ ಹೆಚ್ಚು ಗೊತ್ತುಂಟಾ?" ಅಂದರು. ಪುಸ್ತಕದ ಪ್ರಕಾರ ಮಾಡಿದೆ, ಒಡೆದು ನೀರಾಯಿತು, ಬೈಸಿಕೊಂಡೆ. ಮರುದಿನ ನನ್ನ ಪ್ರಕಾರ ಮಾಡಿದೆ. ದೊರೆಸಾನಿ ತಿಂದು, ಚಮಚ ಕೆಳಗಿಟ್ಟು, "ಇದು ಹೇಗೆ ಬಂತು?" ಅಂದರು.

ಅಲ್ಲಿಗೆ ಸುಮ್ಮನಿದ್ದರೆ ಆಗುತ್ತಿತ್ತು. ವರ್ಷಗಟ್ಟಲೆ ಹೊಟ್ಟೆಯಲ್ಲಿಟ್ಟುಕೊಂಡ ಮಾತು ತಡೆಯಲಿಲ್ಲ. "ಇದು ನನ್ನ ಅಡುಗೆ ಅಮ್ಮಾ. ಪುಸ್ತಕದಲ್ಲಿ ಹೆಸರು ಹಾಕಿದವರು ಒಲೆ ಮುಟ್ಟಿದವರಲ್ಲ" ಅಂದೆ.

ಅವರು ಸಿಟ್ಟಾಗಲಿಲ್ಲ, ನ್ಯಾಯವಂತ ಹೆಂಗಸು. "ನಾನು ಅವರಿಗೆ ಕಾಗದ ಬರೆದು ಕೇಳ್ತೇನೆ. ನಿಜವಾದರೆ ಪುಸ್ತಕದಲ್ಲಿ ನಿನ್ನ ಹೆಸರು ಹಾಕಿಸ್ತೇನೆ. ಸುಳ್ಳಾದರೆ ನನ್ನ ಮನೆಯಲ್ಲಿ ಸುಳ್ಳುಗಾರನಿಗೆ ಜಾಗ ಇಲ್ಲ. ಅಲ್ಲಿಯವರೆಗೆ ಕೆಲಸ ಮಾಡ್ತಾ ಇರು."

ಮೂರು ತಿಂಗಳು ಕಾದೆ. ಹೆಂಡತಿ ದಿನವೂ ಕೇಳುತ್ತಿದ್ದಳು, "ಕಾಗದ ಬಂತಾ?" ಪುಸ್ತಕದಲ್ಲಿ ನನ್ನ ಹೆಸರು ಹೇಗೆ ಕಾಣುತ್ತದೆ ಎಂದು ಗುಮಾಸ್ತರ ಹತ್ತಿರ ಇಂಗ್ಲಿಷಿನಲ್ಲಿ ಬರೆಸಿಕೊಂಡೂ ನೋಡಿದ್ದೆ.

ಕಾಗದ ಬಂತು. ದೊರೆಸಾನಿ ನನ್ನನ್ನು ಕರೆಸಿದರು. ಗುಮಾಸ್ತರು ಓದಿ ಹೇಳಿದರು. "ಅವನು ನನಗೆ ಚೆನ್ನಾಗಿ ನೆನಪಿದ್ದಾನೆ. ಶುದ್ಧ ಕೈ, ಪ್ರಾಮಾಣಿಕ. ಬುದ್ಧಿ ಮಾತ್ರ ಸ್ವಲ್ಪ ನಿಧಾನ. ಆ ಅಡುಗೆಯನ್ನು ಅವನಿಗೆ ಕಲಿಸಲು ನಾನು ಒಂದು ಇಡೀ ಮಳೆಗಾಲ ಒಲೆಯ ಮುಂದೆ ನಿಂತಿದ್ದೆ."

ಗುಮಾಸ್ತರು ಕಾಗದ ಮಡಚಿದರು. ದೊರೆಸಾನಿ ನನ್ನ ಮುಖ ನೋಡಿದರು.

"ನೀನು ಪ್ರಾಮಾಣಿಕ ಎಂದು ಬರೆದಿದ್ದಾರೆ. ಹಾಗಾದರೆ ಈಗ ನಿಜ ಹೇಳು. ಅವರು ಕಲಿಸಿದ್ದು ಹೌದಾ, ಅಲ್ಲವಾ?"

ನಿಜ ಹೇಳಿದರೆ ಸುಳ್ಳುಗಾರನಾಗುತ್ತೇನೆ, ಸುಳ್ಳು ಹೇಳಿದರೆ ಪ್ರಾಮಾಣಿಕನಾಗುತ್ತೇನೆ. ಮನೆಯಲ್ಲಿ ಮೂರು ಮಕ್ಕಳು, ಮುದಿ ತಾಯಿ. ಆರು ತಿಂಗಳು ಕೆಲಸವಿಲ್ಲದೆ ಕೂತವನಿಗೆ ಹೆಚ್ಚು ಹೊತ್ತು ಯೋಚಿಸಲು ಆಗುವುದಿಲ್ಲ.

"ಹೌದು ಅಮ್ಮಾ, ಅವರೇ ಕಲಿಸಿದ್ದು" ಅಂದೆ.

"ನೋಡು, ನಿಜ ಹೇಳಿದರೆ ಮನಸ್ಸು ಎಷ್ಟು ಹಗುರ ಆಗ್ತದೆ" ಎಂದು ಅಲ್ಲೇ ಕೆಲಸ ಖಾಯಂ ಮಾಡಿದರು. ಅಷ್ಟಕ್ಕೇ ಬಿಡಲಿಲ್ಲ. ಕಲಿಸಿದವರ ಉಪಕಾರ ಮರೆಯಬಾರದು ಎಂದು ಹಳೆಯ ದೊರೆಸಾನಿಗೆ ನನ್ನ ಪರವಾಗಿ ಗುಮಾಸ್ತರಿಂದ ಒಂದು ಕಾಗದ ಬರೆಸಿದರು. ಆ ಮಾಂಸದುಂಡೆಯನ್ನು ತಾವು ಕಲಿಸಿದ್ದರಿಂದ ನನ್ನ ಸಂಸಾರ ನಡೆಯುತ್ತಾ ಉಂಟು, ತಮಗೆ ನಾನು ಸಾಯುವವರೆಗೆ ಋಣಿ ಎಂದು. ಗುಮಾಸ್ತರು ಲೇಖನಿಯನ್ನು ನನ್ನ ಕೈಗೆ ಕೊಟ್ಟರು, ನಾನು ಕೆಳಗೆ ಕನ್ನಡದಲ್ಲಿ ರುಜು ಹಾಕಿದೆ.

ಆ ಅಡುಗೆಯ ಜೊತೆಗೆ ನನ್ನ ಹೆಸರು ಇರುವ ಕಾಗದ ಇಡೀ ಪ್ರಪಂಚದಲ್ಲಿ ಅದೊಂದೇ.