ಹದಿನೈದನೇ ತಾರೀಕಿನ ಸಿಹಿ ಆಮ್ಲೆಟ್

ಶನಿವಾರ ಬೆಳಿಗ್ಗೆ ಆರೂಕಾಲು. ಲೆಷೆಕ್ ದುಜಿಕ್ ಕೊನೆಯ ಮೊಟ್ಟೆಯನ್ನೂ ಕೆಡಿಸಿದ.

ಬಿಳಿ ಒಂದು ಬಟ್ಟಲಿಗೆ, ಹಳದಿ ಇನ್ನೊಂದು ಬಟ್ಟಲಿಗೆ ಬೀಳಬೇಕಿತ್ತು. ಎರಡೂ ಕೈಕೈ ಹಿಡಿದುಕೊಂಡು ಒಂದೇ ಬಟ್ಟಲಿಗೆ ಇಳಿದವು. ಬಿಳಿಗೆ ಒಂದು ಹನಿ ಹಳದಿ ಸೇರಿದರೂ ನೊರೆ ಬರುವುದಿಲ್ಲ ಎಂದು ಮೊಬೈಲಿನ ವಿಡಿಯೊದಲ್ಲಿ ಹೆಂಗಸೊಬ್ಬಳು ಹೇಳಿದ್ದಳು. ಲೆಷೆಕ್ ರಾದೊಮ್ ನಗರದ ಬಸ್ ಡಿಪೋದಲ್ಲಿ ಮೆಕ್ಯಾನಿಕ್. ಗೇರ್‌ಬಾಕ್ಸನ್ನು ಬಿಚ್ಚಿ ಕಣ್ಣು ಮುಚ್ಚಿಕೊಂಡು ಮತ್ತೆ ಜೋಡಿಸುವ ಕೈ ಅವನದು. ಅದೇ ಕೈಗೆ ಒಂದು ಮೊಟ್ಟೆಯನ್ನು ಎರಡು ಮಾಡಲು ಬರುತ್ತಿರಲಿಲ್ಲ.

ಹೆಂಡತಿ ತೆರೆಸಾ ಆಸ್ಪತ್ರೆಯ ರಾತ್ರಿ ಪಾಳಿ ಮುಗಿಸಿ ಏಳೂವರೆಗೆ ಮನೆಗೆ ಬರುತ್ತಾಳೆ. ಅಷ್ಟರಲ್ಲಿ ಮೇಜಿನ ಮೇಲೆ ಸಿಹಿ ಆಮ್ಲೆಟ್ ಇರಬೇಕಿತ್ತು. ತಟ್ಟೆಯಂತೆ ತೆಳ್ಳಗಿರುವುದಲ್ಲ, ದಿಂಬಿನಂತೆ ಉಬ್ಬಿದ್ದು, ಮೇಲೆ ಪ್ಲಮ್ ಜಾಮ್, ಅದರ ಮೇಲೆ ಸಕ್ಕರೆ ಪುಡಿ. ತನ್ನ ಹೆಸರಿನ ಸಂತರ ದಿನ, ಅಂದರೆ ಹೆಸರಿನ ಹಬ್ಬದ ಬೆಳಿಗ್ಗೆ, ಅಜ್ಜಿ ತನಗೆ ಅದನ್ನೇ ಮಾಡಿಕೊಡುತ್ತಿದ್ದಳು ಎಂದು ತೆರೆಸಾ ಮದುವೆಯಾದ ಹೊಸತರಲ್ಲಿ ಒಮ್ಮೆ ಹೇಳಿದ್ದಳು. ಲೆಷೆಕ್ ಹೆಂಡತಿಯ ಮಾತುಗಳಲ್ಲಿ ನೆನಪಿಟ್ಟ ಕೆಲವೇ ಕೆಲವುಗಳಲ್ಲಿ ಅದೊಂದು. ಕಾರಣ, ಅದು ತಿನ್ನುವ ವಿಷಯ.

ಈ ತಿಂಗಳ ಶುರುವಿನಿಂದ ತೆರೆಸಾ ಗಂಡನ ಜೊತೆ ಮಾತು ಬಿಟ್ಟಿದ್ದಳು. ಪೂರ್ತಿ ಬಿಟ್ಟಿದ್ದಳು ಎನ್ನುವ ಹಾಗಿಲ್ಲ. ‘ಕಸ’, ‘ಬಾಗಿಲು’, ‘ಬಿಲ್ಲು ಬಂದಿದೆ’ ಎನ್ನುತ್ತಿದ್ದಳು. ತಂತಿ ಕಳಿಸುವವರು ಪದಕ್ಕಿಷ್ಟು ಎಂದು ಲೆಕ್ಕ ಹಾಕುವ ಹಾಗೆ ಮಾತಾಡುತ್ತಿದ್ದಳು. ಲೆಷೆಕ್ ತನ್ನ ತಪ್ಪುಗಳನ್ನೆಲ್ಲ ಒಂದೊಂದಾಗಿ ಪರೀಕ್ಷಿಸಿದ್ದ. ಬಚ್ಚಲ ನಲ್ಲಿ ಇನ್ನೂ ಸೋರುತ್ತಿತ್ತು. ಬಾಲ್ಕನಿಯಲ್ಲಿ ಚಳಿಗಾಲದ ಟೈರುಗಳಿದ್ದವು. ಅವಳು ಮಾಡಿದ ಸೇಬಿನ ಕೇಕ್ ಸ್ವಲ್ಪ ಹುಳಿ ಎಂದೂ ಅಂದಿದ್ದ. ಇವು ಯಾವುವೂ ಇಷ್ಟು ದೊಡ್ಡ ಮೌನಕ್ಕೆ ಸಾಲುವಂಥವಲ್ಲ.

ಹೋದ ವರ್ಷವೂ ಅಕ್ಟೋಬರಿನಲ್ಲೇ ಹೀಗಾಗಿತ್ತು. ಆಗ ಅವನು ಅವಳ ಹೆಸರಿನ ಹಬ್ಬ ಮರೆತಿದ್ದ. ಹುಟ್ಟುಹಬ್ಬ ಮರೆತರೆ ಕ್ಷಮೆಯುಂಟು, ವಯಸ್ಸು ನೆನಪಿಸಬಾರದೆಂದು ಸುಮ್ಮನಿದ್ದೆ ಎನ್ನಬಹುದು. ಹೆಸರಿನ ಹಬ್ಬ ಹಾಗಲ್ಲ. ಯಾವ ದಿನ ಯಾವ ಹೆಸರಿನದು ಎಂದು ಅಡುಗೆಮನೆಯ ಕ್ಯಾಲೆಂಡರಿನಲ್ಲೇ ಅಚ್ಚಾಗಿರುತ್ತದೆ. ಹೀಗಾಗಿ ಹೋದ ವಾರ ಅವನು ಗೋಡೆಯ ಕ್ಯಾಲೆಂಡರ್ ಮುಂದೆ ನಿಂತು, ದಿನಕ್ಕೊಂದು ಹರಿಯುವ ಆ ಹಾಳೆಗಳನ್ನು ಮುಂದಕ್ಕೆ ಮಗುಚಿ ನೋಡಿದ. ಹದಿನೈದನೇ ತಾರೀಕಿನಲ್ಲಿ ‘ತೆರೆಸಾ’ ಎಂದಿತ್ತು. ಪಕ್ಕದಲ್ಲಿ ಇನ್ನೊಂದು ಹೆಸರೂ ಇತ್ತು. ಅದು ತನ್ನ ಹೆಂಡತಿಯದಲ್ಲವಾದ್ದರಿಂದ ಓದಲಿಲ್ಲ. ಹಬ್ಬಕ್ಕೆ ಇನ್ನೂ ದಿನಗಳಿವೆ ಎಂದು ಅವನಿಗೆ ಎದೆ ಹಗುರವಾಯಿತು. ಈ ಸಲ ಗೆಲುವು ತನ್ನದೇ.

ಆದರೆ ಮೊಟ್ಟೆ ಮುಗಿದಿತ್ತು. ಅಂಗಡಿ ತೆರೆಯುವವರೆಗೆ ಕಾಯುವಷ್ಟು ಹೊತ್ತಿರಲಿಲ್ಲ. ಲೆಷೆಕ್ ಎದುರು ಮನೆಯ ಗಂಟೆ ಒತ್ತಿದ.

ಎದುರು ಮನೆಯಲ್ಲಿದ್ದವಳು ಮುದುಕಿ ವ್ರೊನ್ಸ್ಕಾ, ಶಾಲೆಯ ಅಡುಗೆಮನೆಯಲ್ಲಿ ನಲವತ್ತು ವರ್ಷ ಸೌಟು ಹಿಡಿದು ನಿವೃತ್ತಳಾದವಳು. ಇಷ್ಟು ಬೆಳಿಗ್ಗೆ ನೈಟಿಯಲ್ಲಿ, ಬೈಗುಳದ ಸಮೇತ ಬಾಗಿಲು ತೆರೆದಾಳು ಎಂದುಕೊಂಡಿದ್ದ. ಗಂಟೆಯ ಸದ್ದು ಅಡಗುವ ಮೊದಲೇ ಬಾಗಿಲು ತೆರೆಯಿತು. ಕೂದಲು ಸುರುಳಿ ಸುರುಳಿಯಾಗಿ ಕೂತಿತ್ತು. ಕಡುನೀಲಿ ಉಡುಪಿಗೆ ಬೆಳ್ಳಿಯ ಬ್ರೋಚ್ ಚುಚ್ಚಿಕೊಂಡಿದ್ದಳು. ಮುಖದಲ್ಲಿ ಹಲ್ಲಿನ ಸೆಟ್ಟು ಪೂರ್ತಿ ಕಾಣುವಷ್ಟು ನಗೆಯಿತ್ತು.

"ಬಾ ಲೆಷೆಕ್, ಬಾ. ನೀನೇ ಮೊದಲು."

"ಅಮ್ಮಾ, ನಾಲ್ಕು ಮೊಟ್ಟೆ ಇದ್ರೆ ಕೊಡ್ತೀರಾ?"

ನಗೆ ಒಂದೊಂದೇ ಹಲ್ಲಾಗಿ ಒಳಗೆ ಹೋಯಿತು. "ಮೊಟ್ಟೆಗೆ ಬಂದ್ಯಾ?"

"ಹೂಂ."

"ಬರೀ ಮೊಟ್ಟೆಗೆ?"

ಲೆಷೆಕ್ ಯೋಚಿಸಿದ. "ಸಕ್ಕರೆ ಪುಡಿ ಇದ್ರೆ ಅದೂ ಸ್ವಲ್ಪ ಕೊಡಿ."

ಮುದುಕಿಯ ಮುಖ ನೋಡಿ ಅವನಿಗೆ ವಿವರಣೆ ಕೊಡಬೇಕು ಅನಿಸಿತು. ಇವತ್ತು ಹದಿನೈದಲ್ಲವೇ, ಹಬ್ಬದ ಸಿಹಿ ಆಮ್ಲೆಟ್ ಮಾಡುತ್ತಿದ್ದೇನೆ, ಅಚ್ಚರಿಯಾಗಲಿ ಅಂತ ಯಾರಿಗೂ ಹೇಳಿಲ್ಲ ಎಂದು ಪಿಸುಗುಟ್ಟಿದ. ಕರೆಂಟ್ ಬಂದ ಮೇಲೆ ಹೊತ್ತುವ ದೀಪದಂತೆ ವ್ರೊನ್ಸ್ಕಾಳ ಮುಖ ಮತ್ತೆ ಬೆಳಗಿತು. ಹೆಂಡತಿಗಾಗಿ ಗಂಡ ಒಲೆ ಮುಂದೆ ನಿಂತ ಎಂದರೆ ಎಂಥ ಹೆಂಗಸೂ ಕರಗುತ್ತಾಳೆ ಎಂದು ಲೆಷೆಕ್ ಮನಸ್ಸಿನಲ್ಲೇ ಬರೆದಿಟ್ಟುಕೊಂಡ.

"ನಿನಗೆ ಬರೋಲ್ಲ, ಕೆಡಿಸ್ತೀಯ," ಎಂದು ಅವಳು ಮೊಟ್ಟೆಯ ಬುಟ್ಟಿಯನ್ನೇ ತೋಳಿಗೇರಿಸಿಕೊಂಡು ಬಂದಳು. "ನನಗೇ ಗೊತ್ತಾಗದ ಹಾಗೆ ಮಾಡಬೇಕು ಅಂತಿದ್ದೆ ಅನ್ಸತ್ತೆ. ಹೋಗ್ಲಿ ಬಿಡು. ನಾನು ನೋಡಿಲ್ಲ ಅಂದ್ಕೊ."

ಲೆಷೆಕ್‌ಗೆ ಆ ಮಾತು ಅರ್ಥವಾಗಲಿಲ್ಲ. ಏಳು ಗಂಟೆ ಹತ್ತಿರವಾಗುತ್ತಿದ್ದುದರಿಂದ ಕೇಳಲೂ ಇಲ್ಲ.

ಅಡುಗೆಮನೆ ಅವನ ಕೈ ಬಿಟ್ಟು ಅವಳ ಕೈಗೆ ಹೋಯಿತು. ಅವಳು ಚಿಪ್ಪಿನಿಂದ ಚಿಪ್ಪಿಗೆ ಹಳದಿಯನ್ನು ದಾಟಿಸಿ ಬಿಳಿಯನ್ನು ಬೇರೆ ಮಾಡಿದಳು. ಉಪ್ಪು ಒಂದು ಚಿಟಿಕೆ ಹಾಕಿದಳು. ಹೊಡೆಯುವ ಕೆಲಸ ಅವನಿಗೆ. ಅವನು ಫೋರ್ಕಿನಲ್ಲಿ ಬಟ್ಟಲಿಗೆ ಟಕಟಕ ಬಡಿದ. ಸ್ವಲ್ಪ ಹೊತ್ತಾದ ಮೇಲೆ ಸಾಕೇ ಎಂದು ಕೇಳಿದ.

"ಸಾಕೋ ಬೇಕೋ ಅಂತ ಬಟ್ಟಲೇ ಹೇಳತ್ತೆ. ತಲೆ ಮೇಲೆ ಬೋರಲು ಹಿಡಿ. ಬೀಳದಿದ್ರೆ ಸಾಕು."

ಲೆಷೆಕ್ ಬೋರಲು ಹಿಡಿದ. ಬಿತ್ತು. ಬಿಳಿ ನೊರೆ ಹಣೆಯಿಂದ ಹುಬ್ಬಿಗೆ, ಹುಬ್ಬಿನಿಂದ ಕಾಲರಿಗೆ ಇಳಿಯಿತು. ಸಲೂನಿನಲ್ಲಿ ಸಾಬೂನು ಹಚ್ಚಿಸಿಕೊಂಡು, ಕತ್ತಿ ಹುಡುಕಲು ಹೋದ ಕ್ಷೌರಿಕನಿಗೆ ಕಾಯುವವನ ಹಾಗೆ ನಿಂತ. ವ್ರೊನ್ಸ್ಕಾ ನಗಲಿಲ್ಲ. ಇನ್ನೊಂದಿಷ್ಟು ಮೊಟ್ಟೆ ಒಡೆದಳು.

ಅಷ್ಟರಲ್ಲಿ ಬಾಗಿಲು ಬಡಿದ ಸದ್ದು. ಕೆಳಮಹಡಿಯ ಕಾಲಿಕ್ಸ್ಟ್, ಅಗ್ನಿಶಾಮಕ ದಳದ ಬ್ಯಾಂಡಿನಲ್ಲಿ ತುತ್ತೂರಿ ಊದಿ ನಿವೃತ್ತನಾದವನು, ಹೆಂಡತಿ ತೀರಿಕೊಂಡು ಬಹಳ ವರ್ಷವಾದವನು. ಟಕಟಕ ಸದ್ದಿಗೆ ಜಗಳಕ್ಕೆ ಬಂದನೆಂದು ಲೆಷೆಕ್ ಅಂದುಕೊಂಡ. ಆದರೆ ಅವನು ಸೂಟು ಹಾಕಿದ್ದ. ಬೆನ್ನ ಹಿಂದೆ ನೇರಳೆ ಆಸ್ಟರ್ ಹೂಗಳ ಗೊಂಚಲಿತ್ತು.

"ಎದುರು ಬಾಗಿಲು ಬಡಿದೆ, ಯಾರೂ ಇಲ್ಲ. ದನಿ ಇಲ್ಲಿ ಕೇಳ್ತು," ಎಂದ. ವ್ರೊನ್ಸ್ಕಾಳನ್ನು ನೋಡಿದ್ದೇ ಕೆಂಪಾಗಿ, ಹೂಗಳನ್ನು ಅವಳ ಕಡೆಗೆ ಚಾಚಿದ. ಅವಳ ಎರಡೂ ಕೈಗೆ ಮೊಟ್ಟೆಯ ಬಿಳಿ ಮೆತ್ತಿತ್ತು. ಲೆಷೆಕ್ ಗೊಂಚಲು ಈಸಿಕೊಂಡು ಬಾಟಲಿಗೆ ನೀರು ತುಂಬಿ ಮೇಜಿನ ಮೇಲಿಟ್ಟ. ಕಾಲಿಕ್ಸ್ಟ್‌ಗೂ ತೆರೆಸಾಳ ಹಬ್ಬ ನೆನಪಿದೆಯಲ್ಲ, ತಾನೊಬ್ಬನೇ ಇಷ್ಟು ದಿನ ಎಮ್ಮೆಯ ಹಾಗೆ ಇದ್ದೆನಲ್ಲ ಎಂದು ಮನಸ್ಸು ಚುಚ್ಚಿತು. ತಟ್ಟೆಗೆ ಅಲಂಕಾರವಾಗಲೆಂದು ಒಂದು ಹೂ ಕಿತ್ತ.

"ಏನಯ್ಯಾ, ಏಳು ತಂದಿದ್ದೆ, ಆರು ಮಾಡಿಬಿಟ್ಟೆಯಲ್ಲ," ಎಂದ ಕಾಲಿಕ್ಸ್ಟ್. "ಸಮಸಂಖ್ಯೆ ಒಯ್ಯೋದು ಸ್ಮಶಾನಕ್ಕೆ."

ಲೆಷೆಕ್ ಇನ್ನೂ ಒಂದನ್ನು ಕಿತ್ತು ಲೆಕ್ಕ ಸರಿ ಮಾಡಿದ.

ಆಮೇಲೆ ಹಿಟ್ಟಿನ ವ್ಯಾಜ್ಯ ಶುರುವಾಯಿತು. ಎರಡು ಚಮಚ ಮೈದಾ ಬೇಕು ಎಂದಳು ವ್ರೊನ್ಸ್ಕಾ. ತನ್ನ ತಾಯಿ ರವೆ ಹಾಕುತ್ತಿದ್ದಳು ಎಂದ ಕಾಲಿಕ್ಸ್ಟ್. ನಿಮ್ಮಮ್ಮನ ಆಮ್ಲೆಟ್ ತಿಂದೇ ನಿಮಗೆ ತುತ್ತೂರಿ ಊದುವಷ್ಟು ಗಾಳಿ ತುಂಬಿದ್ದಿರಬೇಕು ಎಂದಳು ಅವಳು. ಅವನಿಗೆ ಅದು ಹೊಗಳಿಕೆಯಾಗಿಯೇ ಕೇಳಿಸಿತು. ಮೈದಾ ಗೆದ್ದಿತು. ಈ ಸಲ ಬಟ್ಟಲನ್ನು ಬೋರಲು ಹಿಡಿದಾಗ ನೊರೆ ತಳಕ್ಕೆ ಅಂಟಿಕೊಂಡು ಅಲ್ಲಾಡಲಿಲ್ಲ. ಮೂವರೂ ತಲೆಯೆತ್ತಿ ಅದನ್ನು ಸ್ವಲ್ಪ ಹೊತ್ತು ನೋಡಿದರು.

ಬಾಣಲೆಯಲ್ಲಿ ಬೆಣ್ಣೆ ಸದ್ದು ಮಾಡಿತು. ಮಿಶ್ರಣ ಬಿದ್ದು, ಉಬ್ಬಿ, ಅಂಚು ಹೊಂಬಣ್ಣಕ್ಕೆ ತಿರುಗಿತು. ಮಗುಚುವುದಕ್ಕೆ ಬಾಣಲೆಯನ್ನೇ ಮೇಲಕ್ಕೆ ಎಸೆಯಬೇಕು ಎಂದ ಕಾಲಿಕ್ಸ್ಟ್. ವ್ರೊನ್ಸ್ಕಾ ಅವನ ಮುಂಗೈಗೆ ಚಮಚದಿಂದ ಒಂದು ಕೊಟ್ಟಳು. ತಟ್ಟೆ ಮುಚ್ಚಿ, ಬಾಣಲೆ ಬೋರಲಾಗಿಸಿ, ಮತ್ತೆ ಜಾರಿಸಿದಳು. ಆಮ್ಲೆಟ್ ನಿಜಕ್ಕೂ ದಿಂಬಿನ ಹಾಗಿತ್ತು. ಅದರ ಮೇಲೆ ತಲೆಯಿಟ್ಟು ಮಲಗಬಹುದು ಅನಿಸಿತು ಲೆಷೆಕ್‌ಗೆ. ಜಾಮ್ ಹರಡಿದ. ಸಕ್ಕರೆ ಪುಡಿ ಉದುರಿಸಿದ. ಕಿತ್ತ ಎರಡು ಹೂಗಳನ್ನು ಪಕ್ಕದಲ್ಲಿಟ್ಟ.

ಹೊರಬಾಗಿಲಲ್ಲಿ ಕೀಲಿ ತಿರುಗಿತು.

ತೆರೆಸಾ ಕೋಟು ಬಿಚ್ಚದೆಯೇ ಅಡುಗೆಮನೆಯ ಹೊಸ್ತಿಲಲ್ಲಿ ನಿಂತಳು. ಆಮ್ಲೆಟ್ ನೋಡಿದಳು. ಹೂ ನೋಡಿದಳು. ಬ್ರೋಚ್ ಚುಚ್ಚಿಕೊಂಡು ಮೇಜಿನ ಪಕ್ಕ ನಿಂತ ಮುದುಕಿಯನ್ನು ನೋಡಿದಳು. ಅವಳ ಮುಖ ಸಡಿಲವಾಯಿತು. ಲೆಷೆಕ್ ಎರಡು ತೋಳು ಚಾಚಿ ಒಂದು ಹೆಜ್ಜೆ ಮುಂದಿಟ್ಟ. ತೆರೆಸಾ ಅವನ ಪಕ್ಕದಿಂದ ಹಾದು ಹೋಗಿ ವ್ರೊನ್ಸ್ಕಾಳನ್ನು ಅಪ್ಪಿಕೊಂಡಳು.

"ಯಾದ್ವಿಗಾ ಅಮ್ಮಾ, ಹೆಸರಿನ ಹಬ್ಬದ ಶುಭಾಶಯ. ನಿದ್ದೆ ಮಾಡಿ ಎದ್ದು ಬರೋಣ ಅಂತಿದ್ದೆ. ಇವನು ನಮ್ಮ ಮನೆಯಲ್ಲೇ ಹಬ್ಬ ಇಟ್ಟುಬಿಟ್ಟಿದ್ದಾನಲ್ಲ."

ಯಾದ್ವಿಗಾ. ಇಷ್ಟು ವರ್ಷ ಎದುರು ಬಾಗಿಲಲ್ಲಿದ್ದರೂ ವ್ರೊನ್ಸ್ಕಾ ಎಂಬ ಮನೆತನದ ಹೆಸರಲ್ಲದೆ ಆ ಮುದುಕಿಗೆ ತನ್ನದೇ ಆದ ಹೆಸರೊಂದು ಇದ್ದೀತು ಎಂದು ಲೆಷೆಕ್‌ಗೆ ಹೊಳೆದಿರಲಿಲ್ಲ. ಅವನು ಮೆಲ್ಲಗೆ ಗೋಡೆಯ ಕಡೆ ತಿರುಗಿದ. ಹದಿನೈದು: ತೆರೆಸಾ, ಯಾದ್ವಿಗಾ.

"ಮಗ ಕೂಡ ಫೋನ್ ಮಾಡಿಲ್ಲ ಇನ್ನೂ," ಎಂದಳು ಮುದುಕಿ ಕಣ್ಣೊರೆಸಿಕೊಂಡು. "ಇವನು ಆರೂವರೆಗೇ ಗಂಟೆ ಒತ್ತಿದ. ಮೊದಲು ಮೊಟ್ಟೆ ಕೇಳಿದಾಗ ನನಗೂ ಅನುಮಾನ ಬಂತು."

ಆ ಕಣ್ಣೀರಿನ ಮುಂದೆ ನಿಜ ಹೇಳುವ ಗಂಡಸು ಆ ಅಡುಗೆಮನೆಯಲ್ಲಿರಲಿಲ್ಲ. ಕಾಲಿಕ್ಸ್ಟ್ ಬ್ಯಾಂಡಿನ ದಿನಗಳ ಗಂಟಲಿನಲ್ಲಿ ಹಬ್ಬದ ಹಾಡು ಎತ್ತಿಕೊಂಡ. ಲೆಷೆಕ್ ದನಿಗೂಡಿಸಿದ. ಮೊದಲ ತುಂಡು ಯಾದ್ವಿಗಾಳಿಗೆ ಹೋಯಿತು, ಎರಡನೆಯದು ಕಾಲಿಕ್ಸ್ಟ್‌ಗೆ, ಆಮೇಲೆ ಮತ್ತೆ ಯಾದ್ವಿಗಾಳಿಗೆ. ಅತಿಥಿಗಳು ತೋಳಿಗೆ ತೋಳು ಕೊಟ್ಟುಕೊಂಡು ಎದುರು ಮನೆಗೆ ಹೊರಟಾಗ ತಟ್ಟೆಯಲ್ಲಿ ಸಕ್ಕರೆ ಪುಡಿಯೂ ಉಳಿದಿರಲಿಲ್ಲ.

ಲೆಷೆಕ್ ಬಾಣಲೆ ಉಜ್ಜತೊಡಗಿದ. ತೆರೆಸಾ ಪಕ್ಕದಲ್ಲಿ ಬಟ್ಟೆ ಹಿಡಿದು ನಿಂತಳು.

"ಎದುರು ಮನೆಯವರ ಹಬ್ಬ ನೆನಪಿಟ್ಟೆ. ಒಳ್ಳೇದಾಯ್ತು. ನನ್ನದು ಒಂದನೇ ತಾರೀಕೇ ಮುಗೀತು."

"ಒಂದನೇ ತಾರೀಕಾ?"

"ತೆರೆಸಾ ಅಂತ ಇಬ್ಬರು ಸಂತರಿದ್ದಾರೆ. ಇವತ್ತಿಂದು ದೊಡ್ಡವಳದು. ನನ್ನದು ಚಿಕ್ಕವಳದು, ಯಾವತ್ತೂ ಒಂದಕ್ಕೇ. ಅವತ್ತು ನಾನೇ ಸೇಬಿನ ಕೇಕ್ ಮಾಡಿ ಮುಂದೆ ಇಟ್ಟೆ. ಈಗಾದ್ರೂ ಕೇಳ್ತೀಯ ಅಂದ್ಕೊಂಡೆ. ಮೂರು ತುಂಡು ತಿಂದು ಹುಳಿ ಅಂದೆ."

ಒಂದನೇ ತಾರೀಕಿನ ಕ್ಯಾಲೆಂಡರ್ ಹಾಳೆಯನ್ನು ಹರಿದು, ಅದರಲ್ಲೇ ಸೇಬಿನ ಸಿಪ್ಪೆ ಸುತ್ತಿ ಎಸೆದವನು ತಾನೇ ಎಂದು ಲೆಷೆಕ್‌ಗೆ ನೆನಪಾಯಿತು. ಬಾಣಲೆಯಿಂದ ಕಣ್ಣೆತ್ತದೆ, ಮುದ್ದಿನ ಹೆಸರು ಹಿಡಿದು ಹೇಳಿದ, "ಆ ಆಮ್ಲೆಟ್ ನಿನಗೇ ಅಂತ ಮಾಡಿದ್ದು, ತೆರೆಸ್ಕಾ. ನಿಜವಾಗ್ಲೂ."

ತೆರೆಸಾ ಅವನ ಹುಬ್ಬಿನಲ್ಲಿ ಒಣಗಿದ್ದ ನೊರೆಯನ್ನು ಉಗುರಿನಿಂದ ಕೆರೆದು ತೆಗೆದಳು.

"ಹೌದೌದು," ಎಂದಳು. "ಯಾದ್ವಿಗಾ ಅಮ್ಮ ತಿಂದು ಮುಗಿಸಿದ ಮೇಲೆ ನನಗೇ." ಅವಳು ನಕ್ಕಳು. ನಕ್ಕವಳು ಸುಮ್ಮನಾಗಲಿಲ್ಲ. ವಾರ್ಡಿನಲ್ಲಿ ರಾತ್ರಿ ನಡೆದದ್ದು, ತಂಗಿಯ ಹೊಸ ಸೋಫಾ, ಸೋರುವ ನಲ್ಲಿ, ಟೈರುಗಳು, ಎರಡು ವಾರ ತಡೆದಿಟ್ಟಿದ್ದೆಲ್ಲ ಒಂದೇ ಉಸಿರಿಗೆ ಬಂತು. ಲೆಷೆಕ್ ಬಾಣಲೆಯನ್ನು ಎರಡನೇ ಸಲ ಉಜ್ಜಿದ, ಮಾತು ನಿಲ್ಲದಿರಲೆಂದು.

ಮಧ್ಯಾಹ್ನದ ಹೊತ್ತಿಗೆ ಸುದ್ದಿ ಮೆಟ್ಟಿಲಿಳಿದಿತ್ತು. ಸಂಜೆ ನೆಲಮಹಡಿಯ ಉರ್ಸುಲಾ ಬಂದು, ತನ್ನ ಹೆಸರಿನ ಹಬ್ಬ ಇದೇ ಶುಕ್ರವಾರ, ತನಗೆ ಪ್ಲಮ್‌ಗಿಂತ ಚೆರಿ ಜಾಮ್ ಇಷ್ಟ ಎಂದು ತಿಳಿಸಿ ಹೋದಳು.

ಶುಕ್ರವಾರ ಬೆಳಿಗ್ಗೆ ಆರು ಗಂಟೆಗೆ ಲೆಷೆಕ್ ಮತ್ತೆ ಮೊಟ್ಟೆ ಒಡೆದ. ಬಟ್ಟಲನ್ನು ಅವನ ತಲೆಯ ಮೇಲೆ ಬೋರಲು ಹಿಡಿದವಳು ತೆರೆಸಾ.