ಅತ್ತೆಗೆ ನಾನು ಹೇಳಿದ ಹಿಂದಿ ಸೀರಿಯಲ್

ಹಿಂದಿ ಸೀರಿಯಲ್‌ಗಳಲ್ಲಿ ಸಾವೆಂಬುದು ಸರ್ಕಾರಿ ನೌಕರರ ಟ್ರಾನ್ಸ್‌ಫರ್ ಇದ್ದಂತೆ; ಹೋದವರು ಹೇಗಾದರೂ ಇನ್‌ಫ್ಲುಯೆನ್ಸ್ ಬಳಸಿ ವಾಪಸ್ ಬಂದೇ ಬರುತ್ತಾರೆ. ಬೆಟ್ಟದಿಂದ ಬಿದ್ದವನು ಬರುತ್ತಾನೆ, ಹೊಳೆಗೆ ಹಾರಿದವಳು ಬರುತ್ತಾಳೆ, ಬೇರೆ ಮುಖ ಹೊತ್ತು ಬಂದರೂ ಮನೆಯವರು ಒಪ್ಪಿಕೊಳ್ಳುತ್ತಾರೆ. ಯಾರಿಗಾದರೂ ನಗು ಬರುವ ವಿಷಯವೇ. ನಮ್ಮ ಹಲಸೂರಿನ ಮನೆಯಲ್ಲಿ ಮಾತ್ರ ಯಾರೂ ನಗುತ್ತಿರಲಿಲ್ಲ.

ಕೇಬಲ್ ಬರುವ ಹೊತ್ತಿಗೆ ನಮ್ಮತ್ತೆಗೆ ಎಂಬತ್ತು ದಾಟಿತ್ತು. ಕಣ್ಣಿಗೆ ಪೊರೆ, ಆಪರೇಷನ್ ಎಂದರೆ, "ದೇವರು ಮುಚ್ಚಿದ್ದನ್ನ ಡಾಕ್ಟ್ರು ಯಾಕೆ ತೆಗೀಬೇಕು?" ಎನ್ನುತ್ತಿದ್ದರು. ಟೀವಿಯಲ್ಲಿ ಅವರಿಗೆ ಬಣ್ಣ ಕಾಣುತ್ತಿತ್ತು, ಅಲುಗಾಟ ಕಾಣುತ್ತಿತ್ತು, ಮುಖ ಕಾಣುತ್ತಿರಲಿಲ್ಲ. ಹಿಂದಿಯಂತೂ ಒಂದಕ್ಷರ ಬಾರದು. ನಾನೋ ಕಾನ್ವೆಂಟಿನಲ್ಲಿ ಸೆಕೆಂಡ್ ಲ್ಯಾಂಗ್ವೇಜ್ ಹಿಂದಿ ಓದಿದವಳು. ನನ್ನನ್ನು ಓದಿಸಿದ ಸಿಸ್ಟರ್‌ಗಳು ನನ್ನಿಂದ ಏನೇನೋ ಎಕ್ಸ್‌ಪೆಕ್ಟ್ ಮಾಡಿದ್ದರು. ಕೊನೆಗೆ ಆ ವಿದ್ಯೆಯೆಲ್ಲ ಮಧ್ಯಾಹ್ನದ ರಿಪೀಟ್ ಟೆಲಿಕಾಸ್ಟಿನ ಹೊತ್ತಿಗೆ, ಎಲೆ ಅಡಿಕೆ ಕುಟ್ಟುತ್ತಾ ಅತ್ತೆಗೆ ಕಥೆ ಹೇಳುವುದಕ್ಕೆ ಒದಗಿಬಂತು. ಸೀರಿಯಲ್ಲಿನ ಅತ್ತೆ ಸೊಸೆಗೆ ಬೈದರೆ ನಾನು ಸ್ವಲ್ಪ ಕಡಿಮೆ ಮಾಡಿ ಹೇಳುತ್ತಿದ್ದೆ. "ಅಷ್ಟೇನಾ ಅಂದಿದ್ದು? ಅಷ್ಟೊತ್ತು ಬಾಯಿ ಮಾಡಿದ್ಳಲ್ಲೇ!" ಎಂದು ಅತ್ತೆಗೆ ಅನುಮಾನ.

ಒಂದು ದಿನ ಆ ಕಥೆಯ ದೊಡ್ಡ ಮಗ ಕಾರಿನ ಸಮೇತ ನದಿಗೆ ಬಿದ್ದು ಸತ್ತನೆಂದು ಸುದ್ದಿ ಬಂತು.

"ಹೆಣ ತೋರಿಸಿದ್ರೇನೇ?" ಎಂದರು ಅತ್ತೆ.

ಇಲ್ಲ ಎಂದೆ.

"ಹಂಗಾದ್ರೆ ಬರ್ತಾನೆ ಬಿಡು."

ನಾನು ಕುಟ್ಟುವುದನ್ನು ನಿಲ್ಲಿಸಿದೆ. ನನ್ನ ಯಜಮಾನರು, ಅತ್ತೆಯ ಒಬ್ಬನೇ ಮಗ, ಕೆ.ಆರ್. ಪುರದ ಹತ್ತಿರ ಲಾರಿಗೆ ಸಿಕ್ಕಿ ತೀರಿಕೊಂಡು ಆಗಲೇ ಎಷ್ಟೋ ವರ್ಷವಾಗಿತ್ತು. ನೋಡುವ ಹಾಗಿಲ್ಲವೆಂದು ಹಿರಿಯರು ಮುಸುಕು ತೆಗೆಯಗೊಡದೆ, ಆಸ್ಪತ್ರೆಯಿಂದ ನೇರ ಸ್ಮಶಾನಕ್ಕೆ ಒಯ್ದಿದ್ದರು. ತಾಯಿಗೆ ಮುಖ ತೋರಿಸಲಿಲ್ಲ, ನನಗೂ ಇಲ್ಲ. ಆ ವಿಷಯವನ್ನು ನಾವಿಬ್ಬರೂ ಎಂದೂ ಆಡಿದವರಲ್ಲ. ವೆರಿ ವೆಲ್-ಮ್ಯಾನರ್ಡ್ ಮನೆ ನಮ್ಮದು.

ಅಲ್ಲಿಂದ ಅತ್ತೆಗೆ ಒಂದೇ ಪ್ರಶ್ನೆ. ಗಂಜಿ ಕುಡಿಸುವಾಗ, ಜ್ವರ ಏರಿದಾಗ, "ಬಂದ್ನೇನೇ?" ಡಾಕ್ಟರು ಬಂದು ನೋಡಿ, "ಹೆಚ್ಚು ದಿನ ಇಲ್ಲಮ್ಮ" ಎಂದು ಹೇಳಿಹೋದ ವಾರವೇ ಸೀರಿಯಲ್‌ನವರು ಹೆಣ ತೋರಿಸಿಬಿಟ್ಟರು. ಕ್ಲೋಸಪ್ಪಿನಲ್ಲಿ, ಸಿಡಿಲಿನ ಸದ್ದಿನೊಂದಿಗೆ, ಸಾಲದೆಂಬಂತೆ ಮತ್ತೆ ಮತ್ತೆ. ಆಮೇಲೆ ಚಿತೆ.

"ಏನೇ ಅದು ಕೆಂಪಗೆ ಉರೀತಿರೋದು?"

ಅತ್ತೆಯನ್ನು ನೋಡಲೆಂದು ಮರ್ಫಿ ಟೌನಿನಿಂದ ಬಂದಿದ್ದ, ನಮ್ಮ ಬ್ಲೌಸ್ ಹೊಲಿಯುವ ಶಾಹಿದಾ ಪಕ್ಕದಲ್ಲೇ ಕೂತಿದ್ದಳು. ಮನೆಮಾತು ಉರ್ದು, ಟೀವಿಯ ಒಂದು ಮಾತೂ ಅವಳಿಗೆ ತಪ್ಪಿರಲಿಲ್ಲ. ನಾನು ಅವಳ ಮುಖ ನೋಡಲಿಲ್ಲ. ಸತ್ತನೆಂದು ಸುದ್ದಿಯಾದವನು ಬದುಕಿ ಬಂದರೆ ಶಾಂತಿ ಮಾಡಿಸುವುದು ನಮ್ಮಲ್ಲಿ ಪದ್ಧತಿ. ಅದು ನೆನಪಿಗೆ ಬಂತು.

"ಹೋಮ, ಅತ್ತೆ. ಮಗ ಬಂದ. ಶಾಂತಿ ಮಾಡಿಸ್ತಿದ್ದಾರೆ."

"ಮತ್ಯಾಕೆ ಎಲ್ರೂ ಹಂಗೆ ಬಾಯಿ ಬಡ್ಕೊಳ್ತಿದ್ದಾರೆ?"

ಶಾಹಿದಾ ಮುಂದೆ ಬಗ್ಗಿದಳು. "ಖುಷಿಗೆ ಅಜ್ಜಿ. ಆ ಕಡೆಯವ್ರು ಖುಷಿ ಆದ್ರೂ ಹಂಗೇ ಅಳ್ತಾರೆ," ಎಂದು ದುಪಟ್ಟಾದಿಂದ ಬಾಯಿ ಮುಚ್ಚಿಕೊಂಡಳು.

ಅತ್ತೆ ನನ್ನ ಕಡೆ ತಿರುಗಿದರು. "ಬಂದವನು ಮೊದ್ಲು ಯಾರನ್ನ ಮಾತಾಡಿಸ್ದ?"

"ಅಮ್ಮನ್ನ."

"ಹೆಂಡ್ತೀನ ಅಲ್ವಲ್ಲ?"

"ಅಲ್ಲ ಅತ್ತೆ. ಅವಳು ಬಾಗಿಲ ಹಿಂದೆ ನಿಂತಿದ್ದಾಳೆ."

"ನಿಂತಿರ್ಲಿ," ಎಂದು ಅತ್ತೆ ಕಣ್ಣು ಮುಚ್ಚಿದರು. ಆಮೇಲೆ ಅವರು ಸೀರಿಯಲ್ ಕೇಳಲಿಲ್ಲ. ಆ ವಾರ ಮುಗಿಯುವ ಮುಂಚೆಯೇ ಹೋದರು.

ಒಮ್ಮೊಮ್ಮೆ ಯೋಚಿಸುತ್ತೇನೆ. ಕಥೆ ನನ್ನದು, ಡೈಲಾಗ್ ನನ್ನದು, ಡೈರೆಕ್ಷನ್ನೂ ನನ್ನದೇ. ಕೇಳುವವರಿಗೆ ಕಣ್ಣು ಕಾಣದು. ಐದು ನಿಮಿಷದ ಮಟ್ಟಿಗಾದರೂ ಆ ಮನುಷ್ಯನನ್ನು ಬಾಗಿಲ ಹಿಂದೆ ನಿಂತವಳ ಹತ್ತಿರ ಕಳಿಸಬಹುದಿತ್ತು. ನನಗೆ ಹೊಳೆಯಲೇ ಇಲ್ಲ. ಮದುವೆಯಾದ ಹೊಸತರಲ್ಲೂ ನನ್ನ ಯಜಮಾನರು ಆಫೀಸಿನಿಂದ ಬಂದರೆ ನೇರ ಅಮ್ಮನ ಕೋಣೆಗೇ ಹೋಗುತ್ತಿದ್ದರು. ನಾನು ಕಾಫಿ ಹಿಡಿದು ಹೊರಗೆ ನಿಂತಿರುತ್ತಿದ್ದೆ. ಸತ್ತು ವಾಪಸ್ ಬಂದರೂ ಅವರ ಹ್ಯಾಬಿಟ್ ಬದಲಾಗಲಿಲ್ಲ. ನನ್ನದೂ ಅಷ್ಟೇ.