ಅಜ್ಜನ ಲಾಳಿ, ಮೊಮ್ಮಗಳ ಪರೀಕ್ಷೆ

ದೇವರು ನಾಚಿಕೆ ಹಂಚುವಾಗ ಇಳಕಲ್ಲಿನ ಒಬ್ಬ ನೇಕಾರರು ಮಗ್ಗದ ಕುಣಿಯಿಂದ ಏಳಲೇ ಇಲ್ಲ. ಹೆಸರು ಮಾತ್ರ ನನ್ನಿಂದ ಕೇಳಬೇಡಿ. ಗಂಡನ ಹೆಸರು ಹೇಳುವುದುಂಟೆ!

ಊರಿಗೆ ಹೆಣ್ಣುಮಕ್ಕಳ ಸಾಲೆ ಹೊಸದಾಗಿ ಬಂದು ಮೊಮ್ಮಗಳು ಸೇರಿದಾಗ, "ನಾಳಿಂದ ನಾವು ಸಾಲಿಗೆ ಹೋಗ್ತೇವಿ" ಎಂದು ಇವರು ಓಣಿಗೆಲ್ಲ ಸಾರಿದರು. ನಾವು! ನಾನಾದರೂ ಎರಡು ಇಯತ್ತೆ ಕಲಿತವಳು, ಇವರಿಗೆ ಒಂದಕ್ಷರವೂ ಬಾರದು. ಆದರೂ ಸಂಜೆಯಾದರೆ ಮಗ್ಗಿಯ ಪಾಠ. ಅವಳು ಕೂಗಬೇಕು, ಇವರು ಲಾಳಿ ಒಗೆದು ಹಲಗೆ ಬಡಿಯಬೇಕು. "ಏಳೊಂದ್ಲೆ ಏಳು", ಟಕ್! "ಏಳೆರಡ್ಲೆ ಹದಿನಾಲ್ಕು", ಟಕ್! ಅವಳ ಗೆಳತಿ, ಪಕ್ಕದ ಮನೆಯ ಫಾತಿಮಾಳೂ ಬಂದು ಕೂಗುವಳು. ಅವಳಪ್ಪ ತನ್ನ ಮಗ್ಗದಿಂದಲೇ "ಸಾತ್ ದೂನೀ ಚೌದಾ!" ಎಂದು ಜವಾಬು ಕೊಡುವನು. ಭಾಷೆ ಎರಡಾದರೇನು, ಹದಿನಾಲ್ಕು ಒಂದೇ!

ತೊಡಕಾದದ್ದು ಸಾಲೆಯಲ್ಲಿ. ಮಗ್ಗದ ಸದ್ದಿಲ್ಲದೆ ಮೊಮ್ಮಗಳ ಬಾಯಿಯೇ ತೆರೆಯದು!

"ಮನ್ಯಾಗ ಪಟಪಟ ಹೇಳ್ತಾಳಂತೀರಿ, ಇಲ್ಲಿ ಮೂಕಿ ಆಗ್ತಾಳಲ್ರಿ!" ಎಂದರು ಮಾಸ್ತರರು.

"ತಪ್ಪು ಹುಡುಗೀದಲ್ರಿ ಮಾಸ್ತರ, ನಿಮ್ಮ ಸಾಲೀದು" ಎಂದರು ಇವರು. " ಇಲ್ಲೊಂದು ಮಗ್ಗ ಹಾಕಿಸ್ರಿ!"

ಸಾಲೆ ತಪಾಸಣೆಗೆ ಬರುವ ಡಿಪೂಟಿ ಸಾಹೇಬರ ಪರೀಕ್ಷೆ ಬಂತು. ನಮ್ಮ ಮಗ ಮೊದಲೇ ಹೇಳಿದ್ದ: "ನಪಾಸಾದ್ರ ಸಾಲಿ ಬಿಡಿಸ್ತೇನಿ. ಮನ್ಯಾಗ ಕುಂತು ನೂಲು ಸುತ್ತಲಿ." ಇವರು ಬಿಟ್ಟಾರೆಯೇ? ರುಮಾಲಿನಲ್ಲಿ ಲಾಳಿ ಮುಚ್ಚಿಟ್ಟುಕೊಂಡು ಬಂದು ಸಾಲೆಯ ಕಿಟಕಿಗೆ ಬಡಿದರು, ಟಕ್!

"ಯಾರದು?" ಎಂದರು ಸಾಹೇಬರು.

"ನಾನ್ರಿ. ಸಾಲಿಗೆ ಬಂದೇನ್ರಿ."

"ಯಾವ ಇಯತ್ತೆ?"

"ಮೊಮ್ಮಗಳ ಇಯತ್ತೇನ ನಂದುರಿ!"

ಸಾಹೇಬರ ಸಿಪಾಯಿ ಇವರ ರಟ್ಟೆ ಹಿಡಿದು ದೂರದ ಬೇವಿನ ಮರದಡಿ ಕೂಡಿಸಿ ಬಂದ. ಇವರ ಬೆನ್ನಿಗೇ ಬಂದು ಕಿಟಕಿಯ ಇನ್ನೊಂದು ಮಗ್ಗುಲಲ್ಲಿ ಕುಳಿತಿದ್ದ ನನ್ನನ್ನು ಯಾರೂ ಎಬ್ಬಿಸಲಿಲ್ಲ. ಬಾಯಿ ಮುಚ್ಚಿಕೊಂಡಿರುವುದಕ್ಕೂ ಲಾಭವುಂಟು ನೋಡಿ!

ಒಳಗೆ ಸಾಹೇಬರು ಏಳರ ಮಗ್ಗಿ ಕೇಳಿದರು. ಮೊಮ್ಮಗಳು ಬಾಯಿ ತೆರೆದಳು, ಮುಚ್ಚಿದಳು.  ಅಷ್ಟರಲ್ಲಿ ಅವಳ ಪರಕಾರದ ನೆರಿಗೆಯ ಅಂಚಿನಡಿ ಹೆಬ್ಬೆರಳು ನೆಲ ಒತ್ತಿತು, ಮಗ್ಗದ ಮೆಟ್ಟು ತುಳಿಯುವ ಅಜ್ಜನ ಕಾಲಿನ ಹಾಗೆಯೇ! "ಏಳೊಂದ್ಲೆ ಏಳು..." ಎಂದು ಹಿಡಿದವಳು ಎಪ್ಪತ್ತಕ್ಕೇ ನಿಂತಳು. ಪಾಸು!

ನಾನು ಬೇವಿನ ಮರಕ್ಕೆ ಓಡಿದೆ. "ಏನ್ರಿ, ಪಾಸಾದ್ಲು! ಲಾಳಿ ಇಲ್ಲದನ ಹೇಳಿದ್ಲು!"

ಇವರು ದೊಡ್ಡದಾಗಿ ನಕ್ಕರು. ಆಮೇಲೆ ಲಾಳಿಯನ್ನು ರುಮಾಲಿನಲ್ಲಿ ಸುತ್ತಿ, "ಹಂಗಾರ ನನ್ನ ಕೆಲಸ ಮುಗೀತು" ಎಂದರು. ಮನೆ ಮುಟ್ಟುವವರೆಗೂ ಮಾತಿಲ್ಲ. ಇವರು, ಮಾತಿಲ್ಲದೆ!

ಸಂಜೆ ಮಗ್ಗವೂ ಸುಮ್ಮನಿತ್ತು. ಮೊಮ್ಮಗಳು ಬಂದು ಕುಣಿಯ ಅಂಚಿನಲ್ಲಿ ಕುಳಿತಳು.

"ಅಜ್ಜಾ, ಬಾ. ಇವತ್ತು ನೀ ಮಗ್ಗಿ ಹೇಳು, ನಾ ಟಕ್ ಅಂತೇನಿ."

"ಏಳೊಂದ್ಲೆ ಏಳು" ಎಂದರು ಇವರು. ಅವಳು ನಾಲಿಗೆಯಿಂದ ಟಕ್ ಎಂದಳು. ಏಳು ಮೂರಕ್ಕೆ ಬರುವಷ್ಟರಲ್ಲಿ ಇವರ ಕೈ ರುಮಾಲಿನೊಳಗಿನ ಲಾಳಿಯನ್ನು ತಡಕಿತು, ಮಗ್ಗಿ ಅಲ್ಲೇ ನಿಂತಿತು. ಅವಳು ಅವಸರಪಡಿಸಲಿಲ್ಲ. ಸ್ವಲ್ಪ ತಡೆದು, ಮೆಲ್ಲಗೆ, ಇನ್ನೊಮ್ಮೆ ಟಕ್ ಎಂದಳು.